ಬಿಸಿ ಟೈರಿನ ಗಾಳಿ ಬಿಟ್ಟ ಮೇಷ್ಟ್ರು

ತುಮಕೂರಿನಲ್ಲಿ ಪಿಯುಸಿ ಮಕ್ಕಳಿಗೆ ಅನಿಲ ನಿಯಮ ಹೇಳಿಕೊಡುವುದು ನನ್ನ ಕೆಲಸ. ಆದರೂ ಒಂದು ಮಧ್ಯಾಹ್ನ ನಾನೇ ಎಡವಿದೆ. ಬೆಂಗಳೂರಿನಿಂದ ಬರುತ್ತಾ ಕ್ಯಾತ್ಸಂದ್ರದಲ್ಲಿ ಕಾರಿನ ಟೈರು ನೋಡಿಸಿದೆ. ಬೆಳಿಗ್ಗೆ 32 ಪಿಎಸ್‌ಐ (ಗಾಳಿಯ ಒತ್ತಡ ಅಳೆಯುವ ಮಾನ) ಇದ್ದದ್ದು 36 ದಾಟಿತ್ತು. "ಜಾಸ್ತಿ ಆಗಿದೆ, ಬಿಟ್ಬಿಡಪ್ಪ" ಅಂದೆ. "ಬಿಸಿ ಇದೆ ಸಾರ್, ಹಂಗೇ ಇರ್ಲಿ" ಅಂದ ಪಂಕ್ಚರ್ ಅಂಗಡಿ ಹುಡುಗ. ನಾನು ಕೇಳಲಿಲ್ಲ, 32ಕ್ಕೆ ಇಳಿಸಿಕೊಂಡೇ ಹೊರಟೆ. ಮಾರನೇ ಬೆಳಿಗ್ಗೆ ಗೇಜು 28 ತೋರಿಸಿತು!

ತಣ್ಣಗಿದ್ದಾಗ ಒಳಗಿನ ಗಾಳಿ 22 ಡಿಗ್ರಿ, ಓಡಿ ಬಂದ ಮೇಲೆ 52 ಅಂದುಕೊಳ್ಳಿ. ಜಾಗ ಅಷ್ಟೇ ಇದ್ದರೆ ಉಷ್ಣತೆ ಎಷ್ಟು ಪಟ್ಟು ಏರುತ್ತದೋ ಒತ್ತಡವೂ ಅಷ್ಟೇ ಪಟ್ಟು ಏರುತ್ತದೆ ಅನ್ನುವುದು ನಿಯಮ. ಮಕ್ಕಳು ತಕ್ಷಣ 52ನ್ನು 22ರಿಂದ ಭಾಗಿಸುತ್ತಾರೆ. ಹಾಗಾದರೆ ಒತ್ತಡ ಎರಡು ಪಟ್ಟು ದಾಟಬೇಕಿತ್ತು, ಅಲ್ವಾ? ಸೆಲ್ಸಿಯಸ್ಸಿನ ಸೊನ್ನೆ ನೀರು ಹೆಪ್ಪುಗಟ್ಟುವ ಗುರುತು, ಅಷ್ಟೇ. ಗಾಳಿಯ ಅಣುಗಳಿಗೆ ಅದರ ಗೊಡವೆಯೇ ಇಲ್ಲ. ಅವುಗಳ ಲೆಕ್ಕ ಮೈನಸ್ 273ರಿಂದ ಶುರು. ಅಲ್ಲಿಂದ ಎಣಿಸಿದರೆ 295 ಮತ್ತು 325 ಕೆಲ್ವಿನ್. ಏರಿದ್ದು ಶೇಕಡಾ 10 ಮಾತ್ರ.

ಗೇಜಿನ ಸೊನ್ನೆಯೂ ನಿಜವಾದ ಸೊನ್ನೆಯಲ್ಲ. ಹೊರಗಿನ ಗಾಳಿಯ ಒತ್ತಡವನ್ನು ಕಳೆದೇ ಅದು ತೋರಿಸುವುದು. ಪುಸ್ತಕದ 14.7 ಪಿಎಸ್‌ಐ ಸಮುದ್ರ ಮಟ್ಟದ್ದು. ತುಮಕೂರು 800 ಮೀಟರಿಗೂ ಮೇಲಿದೆ, ಇಲ್ಲಿ ಸುಮಾರು 13.3. ಅದನ್ನು 32ಕ್ಕೆ ಕೂಡಿಸಿದರೆ 45.3. ಇದರಲ್ಲಿ ಶೇಕಡಾ 10 ಅಂದರೆ ನಾಲ್ಕೂವರೆ. ಟೈರು ಹಿಗ್ಗುವುದು ತೀರಾ ಕಡಿಮೆ, ಅದನ್ನು ಬಿಟ್ಟುಬಿಡೋಣ. ಅಂದರೆ ಗೇಜು 36 ದಾಟಿದ್ದರಲ್ಲಿ ತಪ್ಪೇನೂ ಇರಲಿಲ್ಲ. ಕಾರಿನ ಬಾಗಿಲ ಹತ್ತಿರ ಅಂಟಿಸಿರುವ ಅಂಕಿ ತಣ್ಣನೆಯ ಟೈರಿನದು.

ನನಗೆ ತುಂಬಾ ಇಷ್ಟವಾದ ಭಾಗ ಮುಂದಿದೆ. 22 ಡಿಗ್ರಿಯಲ್ಲಿ ಸಾರಜನಕದ ಅಣು ಸೆಕೆಂಡಿಗೆ ಸರಾಸರಿ 470 ಮೀಟರ್ ವೇಗದಲ್ಲಿ ಓಡಾಡುತ್ತಿರುತ್ತದೆ. 52ಕ್ಕೆ ಏರಿದರೆ ವೇಗ ಸುಮಾರು 495. ಶೇಕಡಾ 5 ಅಷ್ಟೇ! ಮತ್ತೆ ಒತ್ತಡ ಹೇಗೆ 10 ಏರಿತು? ಒಂದೊಂದು ಗುದ್ದೂ 5ರಷ್ಟು ಜೋರಾಯಿತು. ವೇಗ ಹೆಚ್ಚಿದ್ದರಿಂದ ಅಣು ಗೋಡೆಗೆ ಬೇಗ ಬೇಗ ಬರುತ್ತದೆ, ಗುದ್ದುಗಳ ಎಣಿಕೆಯೂ 5 ಏರಿತು. ಎರಡೂ ಸೇರಿ 10. ಇದನ್ನು ಬೋರ್ಡಿನ ಮೇಲೆ ಬಿಡಿಸಿದಾಗ ಹಿಂದಿನ ಬೆಂಚಿನವರೂ ತಲೆ ಎತ್ತುತ್ತಾರೆ.

ನಾನು ಮಾಡಿದ್ದು ಏನು? ಗುದ್ದು ಜೋರಾಗಿದೆ ಅಂತ ಗುದ್ದುವವರನ್ನೇ ಹೊರಗೆ ಕಳಿಸಿದೆ. ರಾತ್ರಿ ಉಳಿದವರೂ ತಣ್ಣಗಾದರು.

ಗಾಳಿ ಹೊಡೆಸಲು ಮತ್ತೆ ಅದೇ ಅಂಗಡಿಗೆ ಹೋದೆ. ಹುಡುಗ ನಗಲಿಲ್ಲ. "ನಿನ್ನೆ ಬಿಟ್ಟಿದ್ದು ವಾಪಸ್ ಹಾಕ್ಲಾ ಸಾರ್?" ಅಂದ.