ವಾರಂಟ್ ಹಿಡಿದು ಕಾಯುವ ಕೋರ್ಟು

2015ರ ಅಕ್ಟೋಬರ್ ಕೊನೆಗೆ ದೆಹಲಿಯಲ್ಲಿ ಭಾರತ–ಆಫ್ರಿಕಾ ಶೃಂಗಸಭೆ ನಡೆಯಿತು. ಬಂದ ಅತಿಥಿಗಳಲ್ಲಿ ಸುಡಾನಿನ ಅಧ್ಯಕ್ಷ ಒಮರ್ ಅಲ್ ಬಶೀರ್ ಒಬ್ಬರು. ಅವರ ಹೆಸರಿನಲ್ಲಿ ಆಗಲೇ ಎರಡು ಅಂತರರಾಷ್ಟ್ರೀಯ ಬಂಧನ ವಾರಂಟ್ ಇದ್ದವು. ಒಂದರಲ್ಲಿ ನರಮೇಧದ ಆರೋಪವಿತ್ತು. ಸಭೆ ಮುಗಿಯಿತು, ಅವರು ವಿಮಾನ ಹತ್ತಿ ಊರಿಗೆ ಹೋದರು. ಹತ್ತು ವರ್ಷದ ನಂತರ, 2025ರ ಡಿಸೆಂಬರ್‌ನಲ್ಲಿ, ರಷ್ಯಾದ ವ್ಲಾಡಿಮಿರ್ ಪುಟಿನ್ ದೆಹಲಿಗೆ ಬಂದರು. ಅವರ ಮೇಲೂ ವಾರಂಟ್ ಇದೆ, 2023ರ ಮಾರ್ಚ್ 17ರದ್ದು. ಅವರಿಗೂ ಅದ್ದೂರಿ ಸ್ವಾಗತವೇ ಸಿಕ್ಕಿತು.

ಕಾನೂನಿನ ಕಣ್ಣಲ್ಲಿ ಭಾರತ ತಪ್ಪು ಮಾಡಿಲ್ಲ. ಈ ವಾರಂಟುಗಳನ್ನು ಹೊರಡಿಸಿದ್ದು ನೆದರ್ಲೆಂಡ್ಸ್‌ನ ಹೇಗ್ ನಗರದಲ್ಲಿರುವ ಅಂತರರಾಷ್ಟ್ರೀಯ ಅಪರಾಧ ನ್ಯಾಯಾಲಯ, ಅಂದರೆ ಐಸಿಸಿ. ಕ್ರಿಕೆಟ್ಟಿನ ಐಸಿಸಿ ಬೇರೆ, ಅದು ದುಬೈನಲ್ಲಿದೆ. ಕುಲಭೂಷಣ್ ಜಾಧವ್ ಕೇಸು ನಡೆದ ಕೋರ್ಟೂ ಬೇರೆ. ಅದು ಕೂಡ ಹೇಗ್‌ನಲ್ಲೇ ಇದೆ, ಆದರೆ ಅಲ್ಲಿ ನಡೆಯುವುದು ದೇಶ ದೇಶಗಳ ನಡುವಿನ ವ್ಯಾಜ್ಯ. ಐಸಿಸಿಯ ಕಟಕಟೆಯಲ್ಲಿ ನಿಲ್ಲುವುದು ಮನುಷ್ಯರು. ನರಮೇಧ, ಮಾನವೀಯತೆಯ ವಿರುದ್ಧದ ಅಪರಾಧ, ಯುದ್ಧಾಪರಾಧ, ಆಕ್ರಮಣ: ಈ ನಾಲ್ಕೇ ಅದರ ವ್ಯಾಪ್ತಿ. ಸುಮಾರು 125 ದೇಶಗಳು ಸದಸ್ಯರು. ಭಾರತ ಸದಸ್ಯ ಅಲ್ಲ. ಹಾಗಾಗಿ ಯಾರನ್ನೂ ಹಿಡಿದುಕೊಡುವ ಹೊಣೆ ನಮಗಿಲ್ಲ.

ನಮ್ಮ ತಾಲೂಕು ಕೋರ್ಟಿನಲ್ಲಿ ವಾರಂಟ್ ಹೊರಟರೆ ಅದರ ಹಿಂದೆ ಪೊಲೀಸ್ ಠಾಣೆ ಇರುತ್ತದೆ. ಜಪ್ತಿ ಆದೇಶ ಆದರೆ ಮನೆ ಬಾಗಿಲಿಗೆ ಅಮೀನ ಬರುತ್ತಾನೆ. ಹೇಗ್‌ನ ಕೋರ್ಟಿಗೆ ಠಾಣೆಯೂ ಇಲ್ಲ, ಅಮೀನನೂ ಇಲ್ಲ. ಆರೋಪಿ ಕಟಕಟೆಗೆ ಬರದೆ ಅಲ್ಲಿ ವಿಚಾರಣೆಯೂ ನಡೆಯುವುದಿಲ್ಲ. ಹಿಡಿದು ತರುವ ಕೆಲಸವನ್ನು ಬೇರೆ ಯಾರಾದರೂ ಮಾಡಬೇಕು. ಈ ನೂರು ವರ್ಷದ ಕತೆಯನ್ನು ನೋಡಿದರೆ, ಹಾಗೆ ಮಾಡಿದವರಿಗೆಲ್ಲ ಅವರದೇ ಬೇರೆ ಕಾರಣವೂ ಇತ್ತು.

ಮೊದಲ ಪ್ರಯತ್ನ ನಡೆದದ್ದು ಮೊದಲ ಮಹಾಯುದ್ಧ ಮುಗಿದ ಮೇಲೆ. 1919ರ ವರ್ಸೈ ಒಪ್ಪಂದದ 227ನೇ ವಿಧಿ ಜರ್ಮನಿಯ ಚಕ್ರವರ್ತಿ ಎರಡನೇ ವಿಲ್‌ಹೆಲ್ಮ್‌ನ ವಿಚಾರಣೆ ಆಗಬೇಕು ಎಂದಿತು. ಆತ ಆಗಲೇ ಗಡಿ ದಾಟಿ ನೆದರ್ಲೆಂಡ್ಸ್ ಸೇರಿದ್ದ. ಗೆದ್ದ ದೇಶಗಳು ಕೇಳಿದವು, ಡಚ್ಚರು ಕೊಡುವುದಿಲ್ಲ ಎಂದರು. ಡೋರ್ನ್ ಎಂಬಲ್ಲಿ ಬಂಗಲೆ ಕೊಂಡು, ಮರ ಕಡಿಯುತ್ತಾ ಕಾಲ ಕಳೆದು, 1941ರಲ್ಲಿ ಹಾಸಿಗೆಯ ಮೇಲೆ ಸತ್ತ. ಅಂದು ಆರೋಪಿಗೆ ಆಶ್ರಯ ಕೊಟ್ಟ ದೇಶದಲ್ಲೇ ಇಂದು ಕೋರ್ಟಿದೆ. ವಿಚಿತ್ರ ಅಲ್ವಾ?

ಎರಡನೇ ಮಹಾಯುದ್ಧದ ನಂತರ ಜರ್ಮನಿಯ ನ್ಯೂರೆಂಬರ್ಗ್‌ನಲ್ಲಿ ನಾಜಿ ನಾಯಕರನ್ನು ವಿಚಾರಿಸುವಾಗ ಈ ಕಷ್ಟ ಇರಲಿಲ್ಲ. 1945ರ ನವೆಂಬರ್‌ನಲ್ಲಿ ವಿಚಾರಣೆ ಶುರುವಾದಾಗ ಜರ್ಮನಿ ಪೂರ್ತಿ ಗೆದ್ದವರ ಕೈಯಲ್ಲಿತ್ತು. ಸೈನ್ಯವೇ ಪೊಲೀಸ್. 1946ರ ಅಕ್ಟೋಬರ್ 1ರಂದು ತೀರ್ಪು ಮುಗಿದಾಗ 22 ಜನರಲ್ಲಿ 12 ಮಂದಿಗೆ ಗಲ್ಲು, 7 ಮಂದಿಗೆ ಜೈಲು, 3 ಮಂದಿ ಬಿಡುಗಡೆ. ಗಲ್ಲಿಗೆ ಹೋಗಬೇಕಿದ್ದ, ಹಿಟ್ಲರನ ಬಲಗೈಯಂತಿದ್ದ ಗೋರಿಂಗ್ ಹಿಂದಿನ ರಾತ್ರಿ ಸಯನೈಡ್ ನುಂಗಿದ. ಈ ವಿಚಾರಣೆಯಿಂದ ಜಗತ್ತಿಗೆ ಎರಡು ಮಾತು ಸಿಕ್ಕವು. ‘ಮಾನವೀಯತೆಯ ವಿರುದ್ಧದ ಅಪರಾಧ’ ಎಂಬುದನ್ನು ಕಾನೂನಿಗೆ ತರಲು ದುಡಿದವರು ಹರ್ಷ್ ಲಾಟರ್‌ಪಾಕ್ಟ್. ‘ಜೆನೊಸೈಡ್’, ಅಂದರೆ ನರಮೇಧ, ಎಂಬ ಪದ ಕಟ್ಟಿದವರು ರಾಫೇಲ್ ಲೆಮ್ಕಿನ್. ಇಬ್ಬರೂ ಈಗಿನ ಉಕ್ರೇನಿನ ಲ್ವಿವ್ ನಗರದ ಒಂದೇ ವಿಶ್ವವಿದ್ಯಾಲಯದಲ್ಲಿ ಕಾನೂನು ಓದಿದವರು. ನಾವು ಕನ್ನಡದಲ್ಲಿ ಎಲ್ಲಿ ಜಾಸ್ತಿ ಜನ ಸತ್ತರೂ ‘ನರಮೇಧ’ ಎಂದುಬಿಡುತ್ತೇವೆ. ಕಾನೂನಿನಲ್ಲಿ ಆ ಪದಕ್ಕೆ ಬಿಗಿ ಅರ್ಥವಿದೆ. ಒಂದು ಜನಾಂಗ, ಧರ್ಮ ಅಥವಾ ರಾಷ್ಟ್ರದ ಗುಂಪನ್ನು ಗುಂಪು ಎಂಬ ಕಾರಣಕ್ಕೇ ಅಳಿಸಿಹಾಕುವ ಉದ್ದೇಶ ಇತ್ತು ಎಂದು ತೋರಿಸಬೇಕು. ವಕೀಲರು ಒದ್ದಾಡುವುದು ಅಲ್ಲೇ.

ಸೋತ ಜಪಾನಿನ ನಾಯಕರ ಮೇಲೆ ನಡೆದ ಟೋಕಿಯೋ ವಿಚಾರಣೆಯಲ್ಲಿ 11 ನ್ಯಾಯಾಧೀಶರು ಕೂತಿದ್ದರು. ಭಾರತದಿಂದ ಹೋದವರು ಕಲ್ಕತ್ತಾದ ರಾಧಾಬಿನೋದ್ ಪಾಲ್. 1948ರಲ್ಲಿ ಉಳಿದ ಬಹುತೇಕರು ಶಿಕ್ಷೆ ಬರೆದಾಗ ಪಾಲ್ 1,200ಕ್ಕೂ ಹೆಚ್ಚು ಪುಟದ ಭಿನ್ನ ತೀರ್ಪು ಬರೆದರು. ಎಲ್ಲ ಆರೋಪಿಗಳನ್ನೂ ಬಿಡಬೇಕು ಎಂದರು. ಕೆಲಸ ನಡೆದ ಮೇಲೆ ಅದನ್ನು ಅಪರಾಧ ಎಂದು ಕಾನೂನು ಮಾಡಿ ಶಿಕ್ಷೆ ಕೊಡಬಹುದೇ? ಗೆದ್ದವರು ಸೋತವರನ್ನಷ್ಟೇ ವಿಚಾರಿಸಿದರೆ ಅದು ನ್ಯಾಯವೇ? ಹಿರೋಷಿಮಾದ ಲೆಕ್ಕ ಕೇಳುವವರು ಯಾರು? ಇವು ಅವರ ಪ್ರಶ್ನೆಗಳು. ಜಪಾನಿನ ಬಲಪಂಥೀಯರು ಇವತ್ತಿಗೂ ಪಾಲ್ ಅವರನ್ನು ಮೆರೆಸುತ್ತಾರೆ, ಯುದ್ಧದಲ್ಲಿ ಸತ್ತವರಿಗಾಗಿ ಇರುವ ಯಾಸುಕುನಿ ದೇಗುಲದ ಆವರಣದಲ್ಲಿ ಅವರ ಸ್ಮಾರಕವಿದೆ. ಅದು ಅರ್ಧ ಓದು. ಜಪಾನಿ ಸೈನ್ಯ ದೌರ್ಜನ್ಯ ಮಾಡಲೇ ಇಲ್ಲ ಎಂದು ಪಾಲ್ ಎಲ್ಲೂ ಬರೆದಿಲ್ಲ. ಚೀನಾದ ನಾನ್‌ಕಿಂಗ್‌ನಲ್ಲಿ ನಡೆದ ದೌರ್ಜನ್ಯಕ್ಕೆ ಪುರಾವೆ ಬಲವಾಗಿದೆ ಎಂದೇ ಒಪ್ಪಿದ್ದಾರೆ.

ಇಲ್ಲಿ ನಮ್ಮವರೊಬ್ಬರು ಬರುತ್ತಾರೆ. ಮಂಗಳೂರಿನ ಬೆನಗಲ್ ನರಸಿಂಗ ರಾವ್ ಎಂದರೆ ಸಂವಿಧಾನ ರಚನಾ ಸಭೆಯ ಸಲಹೆಗಾರರು ಎಂದಷ್ಟೇ ನೆನಪಾಗುತ್ತದೆ. ವಿಶ್ವಸಂಸ್ಥೆಯ ಅಂತರರಾಷ್ಟ್ರೀಯ ಕಾನೂನು ಆಯೋಗ 1949ರಲ್ಲಿ ಕೆಲಸ ಶುರುಮಾಡಿದಾಗ ಅದರ ಮೊದಲ ಸದಸ್ಯರಲ್ಲಿ ಅವರೂ ಇದ್ದರು. ಅದೇ ಆಯೋಗ 1950ರಲ್ಲಿ ‘ನ್ಯೂರೆಂಬರ್ಗ್ ತತ್ವ’ಗಳನ್ನು ಬರೆದಿಟ್ಟಿತು. ರಾಷ್ಟ್ರದ ಮುಖ್ಯಸ್ಥ ಎಂಬ ಕಾರಣಕ್ಕೆ ಯಾರೂ ತಪ್ಪಿಸಿಕೊಳ್ಳುವಂತಿಲ್ಲ. ಮೇಲಿನವರ ಆಜ್ಞೆ ಎಂದರೂ ಹೊಣೆ ತಪ್ಪುವುದಿಲ್ಲ. ಬರೆದದ್ದು ಚೆನ್ನಾಗಿತ್ತು. ಅಷ್ಟರಲ್ಲಿ ಶೀತಲ ಸಮರ ಬಂತು, ಕಾಗದ ಬೀರು ಸೇರಿತು. 1948ರ ನರಮೇಧ ಒಪ್ಪಂದದಲ್ಲೇ ಅಂತರರಾಷ್ಟ್ರೀಯ ಕೋರ್ಟಿನ ಪ್ರಸ್ತಾಪ ಇದ್ದರೂ ನಲವತ್ತು ವರ್ಷ ಏನೂ ಆಗಲಿಲ್ಲ.

ಬೀರು ತೆಗೆಸಿದ್ದು ಒಂದು ಪುಟ್ಟ ದೇಶ. 1989ರಲ್ಲಿ ಟ್ರಿನಿಡಾಡ್ ಮತ್ತು ಟೊಬಾಗೊ ಪ್ರಧಾನಿ ಎ.ಎನ್.ಆರ್. ರಾಬಿನ್ಸನ್ ವಿಶ್ವಸಂಸ್ಥೆಗೆ ಹೋಗಿ, ಅಂತರರಾಷ್ಟ್ರೀಯ ಅಪರಾಧ ಕೋರ್ಟು ಬೇಕು ಎಂದರು. ಅವರ ತಲೆನೋವು ಯುದ್ಧದ್ದಲ್ಲ. ಮಾದಕವಸ್ತು ಸಾಗಿಸುವವರನ್ನು ಹಿಡಿಯಲು ಕೆರಿಬಿಯನ್ನಿನ ಚಿಕ್ಕ ದೇಶಗಳಿಗೆ ಶಕ್ತಿ ಸಾಲುತ್ತಿರಲಿಲ್ಲ. ಕೊನೆಗೆ ಕೋರ್ಟು ಬಂತು, ಅದರ ಪಟ್ಟಿಯಲ್ಲಿ ಮಾದಕವಸ್ತು ಸೇರಲಿಲ್ಲ.

ಅದಕ್ಕೂ ಮೊದಲು ಯುಗೊಸ್ಲಾವಿಯ ಒಡೆದು ಯುದ್ಧ ಹತ್ತಿಕೊಂಡಿತು. 1993ರ ಮೇ 25ರಂದು ವಿಶ್ವಸಂಸ್ಥೆಯ ಭದ್ರತಾ ಮಂಡಳಿ ಅದಕ್ಕಾಗಿಯೇ ಹೇಗ್‌ನಲ್ಲಿ ಒಂದು ವಿಶೇಷ ಕೋರ್ಟು ಮಾಡಿತು. ಎರಡು ವರ್ಷದ ಮೇಲೆ, ಕೋರ್ಟು ಇರುವಾಗಲೇ, ಬೋಸ್ನಿಯಾದ ಸ್ರೆಬ್ರೆನಿತ್ಸಾದಲ್ಲಿ ಬೋಸ್ನಿಯನ್ ಸರ್ಬರ ಸೈನಿಕರು ಸುಮಾರು 8,000 ಬೋಸ್ನಿಯನ್ ಮುಸ್ಲಿಂ ಗಂಡಸರು, ಹುಡುಗರನ್ನು ಕೊಂದರು. ಒಟ್ಟು 161 ಜನರ ಮೇಲೆ ಆರೋಪ ಹೊರಿಸಲಾಯಿತು. 2011ರ ಹೊತ್ತಿಗೆ ತಲೆಮರೆಸಿಕೊಂಡವರು ಒಬ್ಬರೂ ಉಳಿದಿರಲಿಲ್ಲ.

ಅದು ಹೇಗೆ ಸಾಧ್ಯವಾಯಿತು? ಸರ್ಬಿಯಾ ತನ್ನ ಮಾಜಿ ಅಧ್ಯಕ್ಷ ಮಿಲೊಶೆವಿಚ್‌ನನ್ನು ಹೇಗ್‌ಗೆ ಕಳಿಸಿದ್ದು 2001ರ ಜೂನ್ 28ರಂದು. ಮರುದಿನ ಬ್ರಸೆಲ್ಸ್‌ನಲ್ಲಿ ನೆರವು ಕೊಡುವ ದೇಶಗಳ ಸಭೆ ಇತ್ತು. ಬೋಸ್ನಿಯನ್ ಸರ್ಬರ ನಾಯಕ ರಾಡೊವಾನ್ ಕರಾಜಿಚ್ ಹದಿಮೂರು ವರ್ಷ ಸಿಗಲಿಲ್ಲ. ಕೊನೆಯ ವರ್ಷಗಳಲ್ಲಿ ಎಲ್ಲಿದ್ದ ಎಂದು ನೋಡಿದರೆ, ಸರ್ಬಿಯಾದ ರಾಜಧಾನಿ ಬೆಲ್‌ಗ್ರೇಡ್‌ನಲ್ಲೇ! ಉದ್ದ ಬಿಳಿ ಗಡ್ಡ, ತಲೆಯ ಮೇಲೆ ಗಂಟು, ಡ್ರಾಗನ್ ಡಾಬಿಚ್ ಎಂಬ ಹೆಸರು. ಪರ್ಯಾಯ ವೈದ್ಯ ಎಂದು ಹೇಳಿಕೊಂಡು ಭಾಷಣ ಮಾಡುತ್ತಿದ್ದ, ಆರೋಗ್ಯ ಪತ್ರಿಕೆಗೆ ಅಂಕಣ ಬರೆಯುತ್ತಿದ್ದ. 2008ರ ಜುಲೈನಲ್ಲಿ ಬಸ್ಸಿನಲ್ಲಿ ಸಿಕ್ಕಿಬಿದ್ದ. ಯುರೋಪ್ ಒಕ್ಕೂಟ ಸೇರಬೇಕೆಂಬ ಹೊಸ ಸರ್ಕಾರ ಅಧಿಕಾರಕ್ಕೆ ಬಂದು ಆಗ ಎರಡು ವಾರ ಆಗಿತ್ತಷ್ಟೆ.

ರುವಾಂಡಾದ 1994ರ ಹತ್ಯಾಕಾಂಡಕ್ಕಾಗಿ ಮಾಡಿದ ಇನ್ನೊಂದು ವಿಶೇಷ ಕೋರ್ಟು ತಾಂಜಾನಿಯಾದ ಅರುಷಾದಲ್ಲಿ ಕೂತಿತು. 1998ರ ಸೆಪ್ಟೆಂಬರ್ 2ರಂದು ಜಾನ್ ಪೌಲ್ ಅಕಾಯೆಸು ಎಂಬ ಮೇಯರ್‌ಗೆ ನರಮೇಧದ ಅಪರಾಧ ಎಂದು ತೀರ್ಪು ಕೊಟ್ಟಿತು. ಅಂತರರಾಷ್ಟ್ರೀಯ ಕೋರ್ಟೊಂದು ವಿಚಾರಣೆ ಮಾಡಿ ಹಾಗೆ ಹೇಳಿದ್ದು ಅದೇ ಮೊದಲು. ಅತ್ಯಾಚಾರವೂ ನರಮೇಧದ ಆಯುಧ ಆಗಬಹುದು ಎಂದಿತು. ಪೀಠದಲ್ಲಿದ್ದ ನವನೀತಂ ಪಿಳ್ಳೈ ದಕ್ಷಿಣ ಆಫ್ರಿಕಾದ ತಮಿಳು ಮನೆತನದವರು.

ಇಷ್ಟರಲ್ಲಿ ರೋಮ್‌ನಲ್ಲಿ ಕಾಯಂ ಕೋರ್ಟಿಗೆ ಮತದಾನ ಆಗಿತ್ತು. 1998ರ ಜುಲೈ 17. ಪರ 120, ವಿರುದ್ಧ 7, ತಟಸ್ಥ 21. ಭಾರತ ತಟಸ್ಥ. ಭದ್ರತಾ ಮಂಡಳಿಗೆ ಕೇಸು ಒಪ್ಪಿಸುವ, ತಡೆಹಿಡಿಯುವ ಅಧಿಕಾರ ಯಾಕೆ ಎಂದು ನಮ್ಮವರು ಕೇಳಿದರು. ಭಯೋತ್ಪಾದನೆ ಪಟ್ಟಿಯಲ್ಲಿ ಯಾಕಿಲ್ಲ ಎಂದರು. ಅಣ್ವಸ್ತ್ರ ಬಳಕೆಯನ್ನೂ ಅಪರಾಧ ಎಂದು ಬರೆಯಿರಿ ಎಂದರು. ಪೋಖ್ರಾನ್ ಪರೀಕ್ಷೆ ಆಗಿ ಎರಡೇ ತಿಂಗಳಾಗಿತ್ತು ಎಂಬುದು ಬೇರೆ ಮಾತು. ಆದರೆ ಭದ್ರತಾ ಮಂಡಳಿಯ ಬಗ್ಗೆ ಎತ್ತಿದ ಆಕ್ಷೇಪ ಸುಮ್ನೆ ತಳ್ಳಿಹಾಕುವಂಥದ್ದಲ್ಲ. ಅಮೆರಿಕ, ರಷ್ಯಾ, ಚೀನಾ ಮೂರೂ ಐಸಿಸಿ ಸದಸ್ಯರಲ್ಲ. ಆದರೂ ಮಂಡಳಿಯಲ್ಲಿ ಕೂತು ಬೇರೆಯವರ ಕೇಸನ್ನು ಅಲ್ಲಿಗೆ ಕಳಿಸಬಹುದು. ತಮ್ಮವರ ಕೇಸು ಬಂದರೆ ವೀಟೊ ಮಾಡಬಹುದು.

ರೋಮ್ ಮುಗಿದು ಮೂರು ತಿಂಗಳಿಗೆ ಲಂಡನ್ನಿನಲ್ಲಿ ಇನ್ನೊಂದು ದಾರಿ ತೆರೆಯಿತು. ಚಿಕಿತ್ಸೆಗೆ ಬಂದಿದ್ದ ಚಿಲಿಯ ಮಾಜಿ ಸರ್ವಾಧಿಕಾರಿ ಪಿನೊಶೆಯನ್ನು, ಸ್ಪೇನಿನ ನ್ಯಾಯಾಧೀಶರೊಬ್ಬರ ಕೋರಿಕೆಯ ಮೇಲೆ ಬ್ರಿಟಿಷ್ ಪೊಲೀಸರು ಬಂಧಿಸಿದರು. ಕೆಲವು ಅಪರಾಧ ಎಷ್ಟು ಘೋರ ಎಂದರೆ, ಎಲ್ಲಿ ನಡೆದಿದ್ದರೂ ಯಾವ ದೇಶದ ಕೋರ್ಟೂ ವಿಚಾರಿಸಬಹುದು ಎಂಬ ತತ್ವ ಅದು. ಆರೋಗ್ಯದ ನೆಪದಲ್ಲಿ 2000ದಲ್ಲಿ ಆತ ಊರಿಗೆ ಮರಳಿದ. ಆದರೆ ದೂರದ ಚಾಡ್ ದೇಶದ ಕೆಲವರು ಇದನ್ನು ಗಮನಿಸಿದ್ದರು.

ಚಾಡ್‌ನ ಸರ್ವಾಧಿಕಾರಿ ಹಿಸೆನ್ ಹಾಬ್ರೆ 1990ರಲ್ಲಿ ಪದಚ್ಯುತನಾಗಿ ಸೆನೆಗಲ್‌ನ ಡಾಕರ್ ಸೇರಿ ಹಾಯಾಗಿದ್ದ. ಆತನ ಜೈಲಿನಲ್ಲಿ ಎರಡು ವರ್ಷಕ್ಕೂ ಹೆಚ್ಚು ಕೊಳೆತ ಸುಲೇಮಾನ್ ಗೆಂಗೆಂಗ್ ಎಂಬ ಸರ್ಕಾರಿ ನೌಕರ, ಬದುಕಿ ಹೊರಬಂದರೆ ಸತ್ಯ ಹೇಳುತ್ತೇನೆ ಎಂದು ಹರಕೆ ಹೊತ್ತಿದ್ದ. ಹೊರಬಂದು 792 ಜನರ ಹೇಳಿಕೆ ಬರೆದಿಟ್ಟ. ಆ ಕಡತ ವರ್ಷಗಟ್ಟಲೆ ಬಚ್ಚಿಟ್ಟಿತ್ತು. 2001ರಲ್ಲಿ ಗುಪ್ತ ಪೊಲೀಸರ ಹಳೇ ಕಚೇರಿಯಲ್ಲಿ ಸಾವಿರಾರು ದಾಖಲೆ ನೆಲದ ಮೇಲೆ ಚೆಲ್ಲಾಡಿ ಬಿದ್ದಿದ್ದು ಸಿಕ್ಕಿತು. ಸೆನೆಗಲ್ ಕೋರ್ಟು ಮೊದಲು ಆರೋಪ ಹೊರಿಸಿದರೂ ಆಮೇಲೆ ಕೇಸು ಕೈಬಿಟ್ಟಿತು. ಬೆಲ್ಜಿಯಂ ಕೇಳಿತು, ಕೊಡಲಿಲ್ಲ. ಕೊನೆಗೆ 2012ರಲ್ಲಿ, ಜಾಧವ್ ಕೇಸು ನಡೆದ ಹೇಗ್‌ನ ಆ ಇನ್ನೊಂದು ಕೋರ್ಟು, ‘ವಿಚಾರಣೆ ಮಾಡಿ, ಇಲ್ಲವಾದರೆ ಬೇರೆಯವರಿಗೆ ಒಪ್ಪಿಸಿ’ ಎಂದಿತು. ಆ ಹೊತ್ತಿಗೆ ಸೆನೆಗಲ್‌ನಲ್ಲೂ ಅಧ್ಯಕ್ಷರು ಬದಲಾಗಿದ್ದರು. ಆಫ್ರಿಕನ್ ಒಕ್ಕೂಟದ ಜೊತೆ ಸೇರಿ ಡಾಕರ್‌ನಲ್ಲೇ ವಿಶೇಷ ಪೀಠ ಮಾಡಿದರು. ಹಾಬ್ರೆ ಬರುವುದಿಲ್ಲ ಎಂದ, ಹೊತ್ತು ತಂದು ಕೂರಿಸಿದರು. ಬಹುಪಾಲು ವಿಚಾರಣೆ ಬಾಯಿ ಬಿಡದೆ ಕಪ್ಪು ಕನ್ನಡಕ ಹಾಕಿ ಕೂತಿದ್ದ. 2016ರ ಮೇ 30ರಂದು ಜೀವಾವಧಿ ಶಿಕ್ಷೆ ಆಯಿತು. ಇಡೀ ಇತಿಹಾಸದಲ್ಲಿ ನನಗೆ ಹೆಚ್ಚು ಇಷ್ಟವಾಗುವ ಕೇಸು ಇದು. ಹೇಗ್‌ನ ದೊಡ್ಡ ಕಟ್ಟಡಕ್ಕಿಂತ ಒಬ್ಬ ನೌಕರ ಬರೆದಿಟ್ಟ ಕಾಗದದ ಕಟ್ಟು ಜಾಸ್ತಿ ಕೆಲಸ ಮಾಡಿತು.

ಐಸಿಸಿ ಶುರುವಾಗಿದ್ದು 2002ರ ಜುಲೈ 1ರಂದು. ಮೊದಲ ತೀರ್ಪಿಗೆ ಹತ್ತು ವರ್ಷ ಹಿಡಿಯಿತು, ಕಾಂಗೋದ ಥಾಮಸ್ ಲುಬಾಂಗಾ ಮಕ್ಕಳನ್ನು ಸೈನಿಕರನ್ನಾಗಿ ಮಾಡಿದ ಕೇಸು. ಬಹಳ ವರ್ಷ ಕಟಕಟೆ ಏರಿದವರೆಲ್ಲ ಆಫ್ರಿಕಾದವರು. ಬಡವರ ಮೇಲಷ್ಟೇ ಕೋಲು ಎಂಬ ದೂರಿನಲ್ಲಿ ಸತ್ಯವಿತ್ತು. ಬಶೀರ್ ಕತೆ ಅದರ ಇನ್ನೊಂದು ಮುಖ. 2015ರ ಜೂನ್‌ನಲ್ಲಿ ಆತ ದಕ್ಷಿಣ ಆಫ್ರಿಕಾಕ್ಕೆ ಹೋದಾಗ ಪ್ರಿಟೋರಿಯಾ ಕೋರ್ಟು ದೇಶ ಬಿಡಕೂಡದು ಎಂದಿತು. ಕೋರ್ಟಿನಲ್ಲಿ ವಾದ ನಡೆಯುತ್ತಿದ್ದಾಗಲೇ ವಾಯುನೆಲೆಯಿಂದ ಆತನ ವಿಮಾನ ಹಾರಿತು. ಅದು ಐಸಿಸಿ ಸದಸ್ಯ ದೇಶ!

2025ರ ಮಾರ್ಚ್ 11ರಂದು ಮಾತ್ರ ಬೇರೆ ಥರ ಆಯಿತು. ಫಿಲಿಪ್ಪೀನ್ಸ್‌ನ ಮಾಜಿ ಅಧ್ಯಕ್ಷ ರೊಡ್ರಿಗೊ ಡುಟರ್ಟೆ ಹಾಂಗ್‌ಕಾಂಗ್‌ನಿಂದ ಮನಿಲಾದಲ್ಲಿ ಇಳಿದರು. ಅದೇ ರಾತ್ರಿ ಅವರನ್ನು ಬಾಡಿಗೆ ವಿಮಾನದಲ್ಲಿ ಹೇಗ್‌ಗೆ ಕಳಿಸಿಬಿಟ್ಟರು. ಮಾದಕವಸ್ತು ವಿರುದ್ಧದ ಸಮರದ ಹೆಸರಲ್ಲಿ ಸಾವಿರಾರು ಜನರನ್ನು ಕೊಲ್ಲಿಸಿದರು ಎಂಬುದು ಆರೋಪ. ಸರ್ಕಾರಿ ಲೆಕ್ಕವೇ 6,000 ದಾಟುತ್ತದೆ. ಅವರು 2019ರಲ್ಲೇ ದೇಶವನ್ನು ಐಸಿಸಿಯಿಂದ ಹೊರತಂದಿದ್ದರು. ಆದರೆ ಸದಸ್ಯರಾಗಿದ್ದಾಗ ನಡೆದದ್ದಕ್ಕೆ ಕೋರ್ಟಿನ ಹಿಡಿತ ಉಳಿಯುತ್ತದೆ. ರಾಬಿನ್ಸನ್ ಮಾದಕವಸ್ತು ಸಾಗಿಸುವವರಿಗಾಗಿ ಕೇಳಿದ ಕೋರ್ಟಿಗೆ, ಅದೇ ಸಾಗಾಟ ನಿಲ್ಲಿಸುತ್ತೇನೆಂದು ಹೊರಟವರು ಆರೋಪಿಯಾಗಿ ಬಂದರು. ಮನಿಲಾ ಸರ್ಕಾರಕ್ಕೆ ಏಕಾಏಕಿ ನ್ಯಾಯದ ಮೇಲೆ ಪ್ರೀತಿ ಬಂತೇ? ಅಧ್ಯಕ್ಷ ಮಾರ್ಕೋಸ್ ಮತ್ತು ಡುಟರ್ಟೆ ಕುಟುಂಬದ ನಡುವೆ ಆಗಲೇ ಹಾವು–ಮುಂಗುಸಿ ಜಗಳ ನಡೆಯುತ್ತಿತ್ತು. ಸತ್ತವರ ತಾಯಂದಿರಿಗೆ ಆ ಕಾರಣ ಮುಖ್ಯ ಆಗಿರಲಿಕ್ಕಿಲ್ಲ.

ಅಂಥ ಜಗಳ ಇಲ್ಲದ ಕಡೆ ಕಾಗದ ಕಾಗದವಾಗೇ ಉಳಿದಿದೆ. ಪುಟಿನ್ 2024ರಲ್ಲಿ ಸದಸ್ಯ ದೇಶ ಮಂಗೋಲಿಯಾಕ್ಕೆ ಹೋಗಿ ಬಂದರು. ಇಸ್ರೇಲಿನ ನೆತನ್ಯಾಹು ಮೇಲೆ 2024ರ ನವೆಂಬರ್ 21ರಂದು ವಾರಂಟ್ ಆಯಿತು. ಮುಂದಿನ ಏಪ್ರಿಲ್‌ನಲ್ಲಿ ಅವರನ್ನು ಸ್ವಾಗತಿಸಿದ ಹಂಗೇರಿ ತಾನೇ ಐಸಿಸಿ ಬಿಡುತ್ತೇನೆ ಎಂದು ಘೋಷಿಸಿತು. ಅಮೆರಿಕ ಒಂದು ಹೆಜ್ಜೆ ಮುಂದೆ ಹೋಗಿ ಐಸಿಸಿಯ ಪ್ರಾಸಿಕ್ಯೂಟರ್ ಮತ್ತು ಕೆಲವು ನ್ಯಾಯಾಧೀಶರ ಮೇಲೆಯೇ ನಿರ್ಬಂಧ ಹಾಕಿತು.

ನಮ್ಮ ದೇಶದ ಒಳಗಿನ ಕಾನೂನಿನಲ್ಲೂ ಈ ಜಾಗ ಖಾಲಿ ಇದೆ. 1984ರ ಸಿಖ್ ಹತ್ಯೆಗಳ ಕೇಸಿನಲ್ಲಿ 2018ರ ಡಿಸೆಂಬರ್‌ನಲ್ಲಿ ಸಜ್ಜನ್ ಕುಮಾರ್‌ಗೆ ಶಿಕ್ಷೆ ಕೊಟ್ಟ ದೆಹಲಿ ಹೈಕೋರ್ಟು, ನರಮೇಧವಾಗಲಿ ಮಾನವೀಯತೆಯ ವಿರುದ್ಧದ ಅಪರಾಧವಾಗಲಿ ನಮ್ಮ ದಂಡ ಕಾನೂನಿನಲ್ಲಿ ಇಲ್ಲ ಎಂದು ಬೊಟ್ಟು ಮಾಡಿತು. ಆಮೇಲೆ ಭಾರತೀಯ ನ್ಯಾಯ ಸಂಹಿತೆ ಬಂತು, ಆ ಪದಗಳು ಅದರಲ್ಲೂ ಬರಲಿಲ್ಲ.

ಇನ್ನು ಬಶೀರ್. 2019ರಲ್ಲಿ ಸೈನ್ಯವೇ ಆತನನ್ನು ಇಳಿಸಿ ಬಂಧಿಸಿತು, ಆದರೆ ಹೇಗ್‌ಗೆ ಕೊಡಲಿಲ್ಲ. ಬಶೀರ್ ಮೇಲಿನ ವಾರಂಟುಗಳು ಸುಡಾನಿನ ಡಾರ್ಫರ್ ಪ್ರಾಂತ್ಯದ ಹತ್ಯೆಗಳದ್ದು. ಆ ಡಾರ್ಫರ್ ಕೇಸಿನಲ್ಲಿ ಕಟಕಟೆಗೆ ಬಂದವನು, ಸರ್ಕಾರದ ಪರ ಹೋರಾಡಿದ ಜಂಜಾವೀದ್ ಪಡೆಯ ಅಲಿ ಕುಶೈಬ್. ಆತ 2020ರಲ್ಲಿ ತಾನೇ ಶರಣಾಗಿದ್ದ. 2025ರ ಅಕ್ಟೋಬರ್ 6ರಂದು ಅಪರಾಧಿ ಎಂದು ತೀರ್ಪಾಯಿತು. ಭದ್ರತಾ ಮಂಡಳಿ ಡಾರ್ಫರ್ ಕೇಸು ಒಪ್ಪಿಸಿ ಇಪ್ಪತ್ತು ವರ್ಷ ಆಗಿತ್ತು. ಅದೇ ಅಕ್ಟೋಬರ್ ಕೊನೆಯಲ್ಲಿ ಡಾರ್ಫರ್‌ನ ಎಲ್ ಫಾಶರ್ ಪಟ್ಟಣ, ಸುಡಾನ್ ಸೈನ್ಯದ ವಿರುದ್ಧ ಹೋರಾಡುತ್ತಿರುವ ಆರ್‌ಎಸ್‌ಎಫ್ ಎಂಬ ಅರೆಸೈನಿಕ ಪಡೆಯ ಕೈಗೆ ಬಿತ್ತು, ಸಾಮೂಹಿಕ ಹತ್ಯೆ ಶುರುವಾಯಿತು. ಆರ್‌ಎಸ್‌ಎಫ್ ಹುಟ್ಟಿದ್ದು ಅದೇ ಜಂಜಾವೀದ್ ಪಡೆಯಿಂದ. ಐಸಿಸಿ ಪ್ರಾಸಿಕ್ಯೂಟರ್ ಕಚೇರಿ ಸಾಕ್ಷ್ಯ ಕೂಡಿಡುತ್ತಿದ್ದೇವೆ ಎಂದಿದೆ.