ಗಡ್ಡ ಬಿಟ್ಟ ಹುಡುಗನ ಎದೆನೋವು

ಚಿತ್ರದುರ್ಗದ ಕೋಟೆ ನೋಡಲು ಬಂದವರಿಗೆ ಒನಕೆ ಓಬವ್ವನ ಕಿಂಡಿ ಎಷ್ಟು ಮುಖ್ಯವೋ ರಾಮಾಚಾರಿಯೂ ಅಷ್ಟೇ ಮುಖ್ಯ. ತ.ರಾ.ಸು. ಬರಹವನ್ನು ಆಧರಿಸಿ ಪುಟ್ಟಣ್ಣ ಕಣಗಾಲ್ 1972ರಲ್ಲಿ ತೆರೆಗೆ ತಂದ 'ನಾಗರಹಾವು' ಓಡಾಡಿದ್ದು ಇದೇ ಬಂಡೆಗಳ ನಡುವೆ. ಅಲಮೇಲು ಕೈತಪ್ಪುತ್ತಾಳೆ, ರಾಮಾಚಾರಿಯ ಕಥೆ ಬೆಟ್ಟದ ತುದಿಯಲ್ಲಿ ಮುಗಿಯುತ್ತದೆ. ಆಮೇಲೆ ಬಂದ ಎಷ್ಟೋ ಹೀರೋಗಳು ಇದಕ್ಕೆ ಗಡ್ಡ, ಬಾಟಲಿ, ಮಳೆ ಸೇರಿಸಿಕೊಂಡರು.

ಬೆಟ್ಟಕ್ಕೂ ಪ್ರೀತಿಗೂ ನಂಟಿದೆ, ಸುಮ್ನೆ ಹೇಳುತ್ತಿಲ್ಲ. 1974ರಲ್ಲಿ ಡಟನ್ ಮತ್ತು ಆರನ್ ಎಂಬ ಮನಃಶಾಸ್ತ್ರಜ್ಞರು ಕೆನಡಾದ ಕ್ಯಾಪಿಲಾನೊ ತೂಗುಸೇತುವೆಯಲ್ಲಿ ಮಾಡಿದ ಪ್ರಯೋಗ ಪ್ರಕಟವಾಯಿತು. ಸೇತುವೆ ನೀರಿನಿಂದ ಸುಮಾರು 70 ಮೀಟರ್ ಮೇಲೆ ಅಲ್ಲಾಡುತ್ತಿತ್ತು. ದಾಟುವ ಗಂಡಸರನ್ನು ಒಬ್ಬ ಯುವತಿ ಮಾತಾಡಿಸಿ, ಪ್ರಶ್ನೆಗಳಿಗೆ ಉತ್ತರ ಬರೆಸಿ, ಕಾಗದದ ಮೂಲೆ ಹರಿದು ಫೋನ್ ನಂಬರ್ ಕೊಡುತ್ತಿದ್ದಳು. ನಂಬರ್ ಪಡೆದ 18 ಜನರಲ್ಲಿ 9 ಮಂದಿ ಫೋನ್ ಮಾಡಿದರು. ತಗ್ಗಿನ ಗಟ್ಟಿ ಸೇತುವೆಯಲ್ಲಿ ನಂಬರ್ ಪಡೆದ 16 ಜನರಲ್ಲಿ ಮಾಡಿದ್ದು ಇಬ್ಬರೇ. ಭಯಕ್ಕೆ ಹೊಡೆದುಕೊಂಡ ಎದೆಯನ್ನು ಮನಸ್ಸು ಪ್ರೀತಿಯ ಲೆಕ್ಕಕ್ಕೆ ಬರೆದುಕೊಂಡಿತ್ತು. ಕೋಟೆಯ ಏರು ಹತ್ತಿ ಏದುಸಿರು ಬಿಡುತ್ತಾ ಪಕ್ಕದವಳ ಮುಖ ನೋಡುವ ಹುಡುಗ ಸ್ವಲ್ಪ ಸುಧಾರಿಸಿಕೊಂಡು ಮಾತಾಡುವುದು ಒಳ್ಳೆಯದು.

ಇನ್ನು ಲವ್ ಫೇಲ್ಯೂರ್. ಅಮೆರಿಕದ ಮಾನವಶಾಸ್ತ್ರಜ್ಞೆ ಹೆಲೆನ್ ಫಿಶರ್ ಅವರ ತಂಡ 2010ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ, ಪ್ರೀತಿಸಿದವರು ಬಿಟ್ಟುಹೋಗಿದ್ದ 15 ಜನರನ್ನು ಮಿದುಳಿನ ಚಟುವಟಿಕೆ ತೋರಿಸುವ ಸ್ಕ್ಯಾನರ್ ಒಳಗೆ ಮಲಗಿಸಿ, ಬಿಟ್ಟುಹೋದವರ ಫೋಟೊ ತೋರಿಸಿದರು. ಎಚ್ಚರವಿರುವ ಹೊತ್ತಿನಲ್ಲಿ ಶೇ. 85ಕ್ಕಿಂತ ಜಾಸ್ತಿ ಅವರದೇ ಯೋಚನೆ ಎಂದು ಹೇಳಿಕೊಂಡಿದ್ದ ಜನ ಇವರು. ಫೋಟೊ ಕಂಡೊಡನೆ ಮಿದುಳಿನಲ್ಲಿ ಬಯಕೆ ಕೆರಳಿಸುವ ಡೋಪಮಿನ್ ಎಂಬ ರಾಸಾಯನಿಕ ಹುಟ್ಟುವ ಜಾಗವೂ, ಕೊಕೇನ್ ಚಟದವರಲ್ಲಿ ಹಂಬಲದ ಹೊತ್ತಿಗೆ ಕೆಲಸ ಮಾಡುವ ಜಾಗಗಳೂ ಚುರುಕಾದವು. ಅಂದರೆ 'ಬೇಡ' ಎಂದಾಗ ಬಯಕೆ ಸಾಯುವುದಿಲ್ಲ. ಹಿಂದೆ ಬೀಳುವ ಹೀರೋನ ಚಡಪಡಿಕೆ ನಿಜವೇ. ಆದರೆ ಆ ಚಟವನ್ನೇ ನಿಜವಾದ ಪ್ರೀತಿ ಎಂದು ಕರೆದು, ಕೊನೆಯ ರೀಲಿನಲ್ಲಿ ಹುಡುಗಿಯನ್ನೇ ಅವನಿಗೆ ಬಹುಮಾನವಾಗಿ ಕೊಟ್ಟು ಕಳಿಸುತ್ತಾರಲ್ಲ, ಅದು ನನಗೆ ಸರಿಕಾಣುವುದಿಲ್ಲ. ಅವಳು ಬೇಡ ಎಂದದ್ದು ಯಾರ ಕಿವಿಗೂ ಬಿದ್ದಂತಿಲ್ಲ.

ಅದೇ ಅಧ್ಯಯನದಲ್ಲಿ ಇನ್ನೊಂದು ಸಂಗತಿ ಇತ್ತು. ಬಿಟ್ಟುಹೋಗಿ ಹೆಚ್ಚು ದಿನವಾದವರಲ್ಲಿ, ಅಂಟಿಕೊಂಡ ಭಾವಕ್ಕೆ ಸಂಬಂಧಿಸಿದ ಭಾಗದ ಚಟುವಟಿಕೆ ಕಡಿಮೆ ಇತ್ತು. ನಿಧಾನವಾಗಿ, ಯಾರ ಗಮನಕ್ಕೂ ಬಾರದೆ. ಸಿನಿಮಾದಲ್ಲಿ ಇದಕ್ಕೆ ಜಾಗವೇ ಇಲ್ಲ, 'ಮೂರು ವರ್ಷಗಳ ನಂತರ' ಎಂದು ಒಂದು ಸಾಲು ಬಂದು ಹೋಗುತ್ತದೆ. ಈಗ ಮೊಬೈಲ್ ಬೇರೆ. ಬೆಳಗಾದರೆ ಅವಳ ಸ್ಟೇಟಸ್, ಡಿಪಿ, ಲಾಸ್ಟ್ ಸೀನ್. ಬಿಟ್ಟುಹೋದವರ ಫೇಸ್‌ಬುಕ್ ಪುಟ ಇಣುಕುವವರಲ್ಲಿ ಸಂಕಟವೂ ಹಂಬಲವೂ ಜಾಸ್ತಿ ಇದ್ದದ್ದು 2012ರ ಇನ್ನೊಂದು ಅಧ್ಯಯನದಲ್ಲಿ ಕಂಡಿತು. ಇಣುಕಿದ್ದಕ್ಕೆ ಸಂಕಟವೋ, ಸಂಕಟಕ್ಕೆ ಇಣುಕಿದ್ದೋ, ಅದು ಬೇರೆ ಮಾತು. ದಾವಣಗೆರೆಯ ಮಂಡಕ್ಕಿ-ಮಿರ್ಚಿ ಅಂಗಡಿ ಮುಂದೆ ಗೆಳೆಯರು 'ಬ್ಲಾಕ್ ಮಾಡ್‌ಬಿಡಲೇ' ಅಂತಾರಲ್ಲ, ಕೇಳಿ ನೋಡಬಹುದು.

ಎದೆ ಒಡೆಯುವುದೂ ಉಂಟು. ಜಪಾನಿನ ವೈದ್ಯರು 1990ರಲ್ಲಿ ಮೊದಲು ವಿವರಿಸಿದ ಟಾಕೊಟ್ಸುಬೊ ಎಂಬ ತೊಂದರೆಯಲ್ಲಿ, ದೊಡ್ಡ ದುಃಖ ಅಥವಾ ಆಘಾತದ ಬೆನ್ನಿಗೆ ಹೃದಯದ ಎಡ ಕೆಳಕೋಣೆ ಉಬ್ಬಿ, ತುದಿ ಸರಿಯಾಗಿ ಕುಗ್ಗುವುದನ್ನೇ ನಿಲ್ಲಿಸುತ್ತದೆ. ಎದೆನೋವು, ಉಬ್ಬಸ, ಇಸಿಜಿ ಎಲ್ಲ ಹಾರ್ಟ್ ಅಟ್ಯಾಕ್ ಥರವೇ. ಆದರೆ ಅದಕ್ಕೆ ಕಾರಣವಾಗುವಂಥ ಅಡಚಣೆ ರಕ್ತನಾಳದಲ್ಲಿ ಇರುವುದಿಲ್ಲ. ಹೆಚ್ಚಿನವರು ಕೆಲವು ವಾರಗಳಲ್ಲಿ ಚೇತರಿಸಿಕೊಳ್ಳುತ್ತಾರೆ.

ತಮಾಷೆ ಎಂದರೆ, ಇದು ಗಡ್ಡದ ಹುಡುಗರ ಕಾಯಿಲೆಯೇ ಅಲ್ಲ. ಬರುವುದು ಬಹುಪಾಲು ಮುಟ್ಟು ನಿಂತ ವಯಸ್ಸಿನ ಹೆಂಗಸರಿಗೆ, ಗಂಡನನ್ನು ಕಳೆದುಕೊಂಡಾಗಲೋ ಮನೆಯಲ್ಲಿ ಕೆಟ್ಟ ಸುದ್ದಿ ಬಂದಾಗಲೋ. ಅವರ ಮೇಲೆ ಯಾರೂ ವಿರಹದ ಹಾಡು ಬರೆಯಲ್ಲ. ಸಾವಿನ ಮನೆಯಲ್ಲಿ ಅಮ್ಮ ಎದೆ ಹಿಡಿದುಕೊಂಡರೆ 'ಅತ್ತೂ ಅತ್ತೂ ಸುಸ್ತಾಗಿದೆ, ಗ್ಯಾಸ್ಟ್ರಿಕ್ ಬೇರೆ' ಎಂದು ಸೋಡಾ ಕುಡಿಸಿ ಮಲಗಿಸುತ್ತೇವೆ. ಎಕೋ, ಆಂಜಿಯೋಗ್ರಾಮ್ ಆಗುವವರೆಗೆ ಅದು ಟಾಕೊಟ್ಸುಬೊನೋ ನಿಜವಾದ ಹಾರ್ಟ್ ಅಟ್ಯಾಕೋ ಎಂದು ಡಾಕ್ಟರಿಗೇ ಖಚಿತವಾಗಿ ಹೇಳಲಾಗುವುದಿಲ್ಲ.