ಗಾಳಿಬಳೆಯ ಈಜುಕೊಳ: ನೀರು ಬಿಡುವ ಮೊದಲೇ ಮುಗಿಯಬೇಕಾದ ಕೆಲಸ

ಹಿತ್ತಲಲ್ಲಿ ನೆಲದ ಮೇಲೆಯೇ ಕೂರಿಸುವ, ಮೇಲಂಚಿನ ಬಳೆಗೆ ಗಾಳಿ ತುಂಬುವ ಈಜುಕೊಳದ ಪೆಟ್ಟಿಗೆಯನ್ನು ನೋಡಿದರೆ ಇದು ಕೆಲವೇ ನಿಮಿಷಗಳ ಕೆಲಸ ಅನಿಸುತ್ತದೆ. ಹಾಳೆ ಹಾಸಿ ಬಳೆಗೆ ಗಾಳಿ ತುಂಬುವ ಮಟ್ಟಿಗೆ ಅದು ನಿಜವೂ ಹೌದು. ಆದರೆ ನೆಲವನ್ನು ಮಟ್ಟ ಮಾಡಲು ಅರ್ಧ ದಿನ ಬೇಕು, ನೀರು ತುಂಬಲು ಇನ್ನೂ ನಾಲ್ಕೈದು ಗಂಟೆ. ಒಂದೇ ಕಡೆ ಹೊಟ್ಟೆ ಬಿಟ್ಟು ನಿಂತ ಕೊಳಗಳನ್ನು ನೋಡಿದರೆ, ಬಹುಪಾಲು ಆ ಅರ್ಧ ದಿನ ಉಳಿಸಲು ಹೋದವರ ಮನೆಯವೇ ಆಗಿರುತ್ತವೆ.

ಇದಕ್ಕೆ ಕಾರಣ ಕೊಳ ನಿಲ್ಲುವ ಬಗೆಯಲ್ಲೇ ಇದೆ. ನೀರನ್ನು ತಡೆದು ಹಿಡಿಯುವುದು ಗಾಳಿ ತುಂಬಿದ ಬಳೆ ಎಂದು ಹಲವರು ತಿಳಿದಿರುತ್ತಾರೆ. ಬಳೆ ಬರೀ ತೇಲುಬುರುಡೆ. ನೀರು ಏರಿದಂತೆ ಅದು ತೇಲುತ್ತಾ ಮೇಲಕ್ಕೆ ಹೋಗುತ್ತದೆ, ತನ್ನ ಜೊತೆ ಮೆತ್ತನೆಯ ಗೋಡೆಯನ್ನೂ ಎಳೆದುಕೊಂಡು ನಿಲ್ಲಿಸುತ್ತದೆ. ಗೋಡೆಯನ್ನು ಬಿಗಿಯಾಗಿ ಇಡುವುದು ಒಳಗಿನ ನೀರಿನ ಒತ್ತಡ. ಇಲ್ಲಿ ಕಂಬವಿಲ್ಲ, ಚೌಕಟ್ಟಿಲ್ಲ. ನೆಲ ವಾಲಿದ್ದರೆ ಅದನ್ನು ಸರಿದೂಗಿಸುವ ಯಾವ ಅಂಗವೂ ಇದರಲ್ಲಿಲ್ಲ.

ಲೆಕ್ಕ ಹಾಕಿದರೆ ಇನ್ನೂ ಸ್ಪಷ್ಟವಾಗುತ್ತದೆ. ಗೋಡೆಯ ಮೇಲೆ ನೀರು ಹಾಕುವ ಒಟ್ಟು ತಳ್ಳುವಿಕೆ ಆಳದ ವರ್ಗಕ್ಕೆ ತಕ್ಕಂತೆ ಏರುತ್ತದೆ. ಒಂದು ಬದಿಯಲ್ಲಿ 60 ಸೆಂ.ಮೀ. ಆಳ, ತಗ್ಗಿನ ಬದಿಯಲ್ಲಿ 66 ಸೆಂ.ಮೀ. ಎಂದಿಟ್ಟುಕೊಳ್ಳಿ. ಆಳದ ವ್ಯತ್ಯಾಸ 10% ಮಾತ್ರ, ಆದರೆ ತಗ್ಗಿನ ಗೋಡೆಯ ಮೇಲಿನ ತಳ್ಳು 21% ಹೆಚ್ಚು. ಮೆತ್ತನೆಯ ಗೋಡೆ ಆ ಕಡೆಗೆ ಉಬ್ಬುತ್ತದೆ, ಉಬ್ಬಿದ ಕಡೆಗೆ ಇನ್ನಷ್ಟು ನೀರು ಸರಿಯುತ್ತದೆ, ಬಳೆ ಹೊರಕ್ಕೆ ಮಗುಚುತ್ತದೆ. ಹಾಗೆ ಒಂದು ಕಡೆ ಬಾಯಿ ಬಿಟ್ಟ ಕೊಳದಿಂದ ಸಾವಿರಾರು ಲೀಟರ್ ನೀರು ಒಮ್ಮೆಲೇ ನುಗ್ಗುತ್ತದೆ. ಅದರ ದಾರಿಯಲ್ಲಿ ಮಗು ನಿಂತಿದ್ದರೆ ಕೊಚ್ಚಿಕೊಂಡು ಹೋಗಲು ಅಷ್ಟು ಸಾಕು.

ಜಾಗ ಆರಿಸುವಾಗ

3.05 ಮೀಟರ್ ಅಡ್ಡಳತೆ, 76 ಸೆಂ.ಮೀ. ಎತ್ತರದ ಕೊಳ ಎಲ್ಲೆಡೆ ಸಾಮಾನ್ಯವಾಗಿ ಸಿಗುವ ಅಳತೆ. ಅದರಲ್ಲಿ ಸುಮಾರು 3,800 ಲೀಟರ್ ನೀರು ಹಿಡಿಯುತ್ತದೆ. ಅಂದರೆ 3.8 ಟನ್ ತೂಕ, ಪ್ರತಿ ಚದರ ಮೀಟರಿಗೆ 500 ಕೆ.ಜಿ.ಗಿಂತ ಹೆಚ್ಚು. ಮನೆಯ ತಾರಸಿಗಳನ್ನು ಸಾಮಾನ್ಯವಾಗಿ ಚದರ ಮೀಟರಿಗೆ 150ರಿಂದ 200 ಕೆ.ಜಿ. ಹೊರೆಗೆ ಲೆಕ್ಕ ಹಾಕಿ ಕಟ್ಟಿರುತ್ತಾರೆ. ಆದ್ದರಿಂದ ತಾರಸಿ, ಬಾಲ್ಕನಿ, ಮರದ ಜಗಲಿ ಈ ಮೂರನ್ನೂ ಮೊದಲೇ ಪಟ್ಟಿಯಿಂದ ತೆಗೆದುಬಿಡಿ. ಎಂಜಿನಿಯರ್ ಬಂದು ಲೆಕ್ಕ ಮಾಡಿ ಒಪ್ಪಿದರೆ ಮಾತು ಬೇರೆ.

ಮರದ ಕೆಳಗಿನ ನೆರಳು ಆಸೆ ಹುಟ್ಟಿಸುತ್ತದೆ, ಆದರೆ ಉದುರುವ ಎಲೆ, ಹೂವು, ಹಕ್ಕಿಯ ಹಿಕ್ಕೆ ಎಲ್ಲವೂ ನೀರಿನಲ್ಲಿ ಕ್ಲೋರಿನ್ ತಿನ್ನುತ್ತವೆ. ಬೇರುಗಳು ಅಡಿಯಿಂದ ನೆಲ ಎತ್ತುತ್ತವೆ. ತಲೆಯ ಮೇಲೆ ವಿದ್ಯುತ್ ತಂತಿ ಇರುವ ಜಾಗ ಬೇಡ. ಗೋಡೆ ಅಥವಾ ಬೇಲಿಗೆ ತಾಗಿಸಿಯೂ ಇಡಬೇಡಿ. ಸುತ್ತ ಒಂದು ಮೀಟರ್ ಆದರೂ ನಡೆದಾಡಲು ಜಾಗ ಇರಲಿ. ಕೊಳ ಒಡೆದರೆ ನೀರು ಎತ್ತ ಹರಿದೀತು ಎಂಬುದನ್ನೂ ಈಗಲೇ ನೋಡಿ. ಮನೆಯ ಬಾಗಿಲ ಕಡೆಗೆ ಇಳಿಜಾರಿದ್ದರೆ ಜಾಗ ಬದಲಿಸುವುದೇ ವಾಸಿ.

ಮಟ್ಟ ಮಾಡುವುದು

ನಡುವೆ ಒಂದು ಗೂಟ ಹೊಡೆದು, ಅದಕ್ಕೆ ದಾರ ಕಟ್ಟಿ, ಕೊಳದ ಅರ್ಧ ಅಡ್ಡಳತೆಗೆ ಇನ್ನೂ 30 ಸೆಂ.ಮೀ. ಸೇರಿಸಿ ಸುತ್ತಲೂ ಸುಣ್ಣದ ಪುಡಿಯಲ್ಲಿ ಗೆರೆ ಎಳೆಯಿರಿ. ಗೆರೆಯ ಒಳಗಿನ ಹುಲ್ಲು, ಕಲ್ಲು, ಬೇರು, ಕಡ್ಡಿ ಎಲ್ಲ ತೆಗೆಯಬೇಕು. ಹುಲ್ಲಿನ ಮೇಲೆಯೇ ಹಾಳೆ ಹಾಸಿದರೆ ಅದು ಅಡಿಯಲ್ಲಿ ಕೊಳೆತು ನಾರುತ್ತದೆ, ನೆಲ ಅಲ್ಲಲ್ಲಿ ಕುಸಿಯುತ್ತದೆ. ಜೇಕಿನ ಹುಲ್ಲು ಇದ್ದರೆ ಎರಡು ಪಟ್ಟು ಎಚ್ಚರ ಬೇಕು: ಅದರ ಸೂಜಿಮೊನೆಯ ಮೊಳಕೆ ಪ್ಲಾಸ್ಟಿಕ್ ಹಾಳೆಯನ್ನು ಕೆಳಗಿನಿಂದ ತೂತು ಮಾಡಿಕೊಂಡು ಬರುತ್ತದೆ. ಮೇಲಿನ ಹುಲ್ಲನ್ನು ಕತ್ತರಿಸಿದರೆ ಸಾಲದು, ಗಡ್ಡೆಯನ್ನೇ ಅಗೆದು ತೆಗೆಯಬೇಕು.

ಮಟ್ಟ ನೋಡಲು ಸೊಟ್ಟಗಿಲ್ಲದ ಉದ್ದನೆಯ ಹಲಗೆಯ ಮೇಲೆ ರಸಮಟ್ಟ ಇಟ್ಟು, ನಡುಗೂಟದಿಂದ ಗೆರೆಯವರೆಗೆ ಗಡಿಯಾರದ ಮುಳ್ಳಿನಂತೆ ತಿರುಗಿಸುತ್ತಾ ಬನ್ನಿ. ಹಲಗೆ ಸಿಗದಿದ್ದರೆ ಗಾರೆ ಕೆಲಸದವರು ಬಳಸುವ ಪಾರದರ್ಶಕ ಪೈಪು ಸಾಕು. ಒಳಗೆ ಗಾಳಿಗುಳ್ಳೆ ಇರದಂತೆ ನೀರು ತುಂಬಿ ಎರಡು ತುದಿಯ ನೀರಿನ ಮಟ್ಟ ಹೋಲಿಸಿದರೆ ರಸಮಟ್ಟಕ್ಕಿಂತ ನಿಖರವಾಗಿಯೇ ತಿಳಿಯುತ್ತದೆ. 3 ಮೀಟರ್ ಕೊಳಕ್ಕೆ ಈ ತುದಿಯಿಂದ ಆ ತುದಿಗೆ ವ್ಯತ್ಯಾಸ 2 ಸೆಂ.ಮೀ. ಒಳಗೆ ಇರಲಿ.

ಇಲ್ಲಿ ತಪ್ಪದೆ ಪಾಲಿಸಬೇಕಾದ ನಿಯಮ ಒಂದೇ: ಏರಿರುವ ಕಡೆ ಅಗೆದು ಇಳಿಸಿ, ತಗ್ಗಿರುವ ಕಡೆಗೆ ಮಣ್ಣು ಹಾಕಿ ಏರಿಸಬೇಡಿ. ಹೊಸದಾಗಿ ಹಾಕಿದ ಮಣ್ಣು ಎಷ್ಟು ತುಳಿದರೂ ಮೂರೂಮುಕ್ಕಾಲು ಟನ್ ನೀರಿನ ಕೆಳಗೆ ಕೂರುತ್ತದೆ. ಅದೂ ಸಮನಾಗಿ ಕೂರುವುದಿಲ್ಲ. ಮರಳಿಗೂ ಇದೇ ಮಾತು. ಸಣ್ಣ ಉಬ್ಬುತಗ್ಗು ಮುಚ್ಚಲು ಒಂದೆರಡು ಸೆಂ.ಮೀ. ಮರಳು ಹಾಕಿ, ನೀರು ಚಿಮುಕಿಸಿ, ದಿಮ್ಮಸು ಹಾಕಿದರೆ ತಪ್ಪಿಲ್ಲ. ಇಳಿಜಾರನ್ನೇ ಮರಳಿನಿಂದ ತುಂಬಿದರೆ, ಕೊಳದಿಂದ ಚೆಲ್ಲುವ ನೀರು ಅಂಚಿನ ಮರಳನ್ನು ದಿನವೂ ಸ್ವಲ್ಪ ಸ್ವಲ್ಪ ಕೊರೆದುಕೊಂಡು ಹೋಗುತ್ತದೆ.

ಮೇಲೆ ಒಂದು ದಪ್ಪ ಟಾರ್ಪಾಲು ಹಾಸಿ. ಅದರ ಮೇಲೆ ಒಂದಕ್ಕೊಂದು ಕೂಡಿಕೊಳ್ಳುವ ಫೋಮ್ ಹಲಗೆಗಳಿದ್ದರೆ ಪಾದಕ್ಕೂ ಮೆತ್ತಗೆ, ಹಾಳೆಗೂ ರಕ್ಷಣೆ. ಸಿಮೆಂಟ್ ನೆಲದ ಮೇಲಾದರೆ ಫೋಮ್ ಬೇಕೇ ಬೇಕು, ಯಾಕೆಂದರೆ ಗಟ್ಟಿ ನೆಲದ ಮೇಲಿನ ಒಂದು ಮರಳುಕಾಳೂ ತುಳಿದಾಗ ಉಳಿಯಂತೆ ಕೆಲಸ ಮಾಡುತ್ತದೆ.

ಬಳೆಗೆ ಗಾಳಿ, ಒಳಗೆ ನೀರು

ಕೊಳವನ್ನು ಎಳೆದಾಡದೆ, ನಾಲ್ಕು ಜನ ಎತ್ತಿ ನಡುವೆ ಇಟ್ಟು ಬಿಡಿಸಿ. ನೀರು ಹೊರಬಿಡುವ ತೂತು ತಗ್ಗಿನ ಕಡೆಗೂ, ಪಂಪಿನ ಪೈಪು ಸೇರುವ ತೂತುಗಳು ವಿದ್ಯುತ್ ಸಿಗುವ ಕಡೆಗೂ ತಿರುಗಿರಲಿ. ಇದನ್ನು ಮರೆತವರಿಗೆ ನೆನಪಾಗುವುದು ಕೊಳ ತುಂಬಿದ ಮೇಲೆ. ನೀರು ಹೊರಬಿಡುವ ತೂತಿನ ಮುಚ್ಚಳ ಒಳಗಿನಿಂದಲೂ ಹೊರಗಿನಿಂದಲೂ ಬಿಗಿಯಾಗಿದೆಯೇ ಎಂದು ಕೈ ಹಾಕಿ ನೋಡಿ.

ಗಾಳಿ ತುಂಬುವುದು ಮೇಲಿನ ಬಳೆಗೆ ಮಾತ್ರ. ಕಾಲುಪಂಪು ಅಥವಾ ಗಾಳಿಹಾಸಿಗೆಗೆ ಬಳಸುವ ಕಡಿಮೆ ಒತ್ತಡದ ಪಂಪು ಸಾಕು. ಟಯರಿಗೆ ಗಾಳಿ ಹಾಕುವ ಕಂಪ್ರೆಸರ್ ಇದಕ್ಕಲ್ಲ, ಬೆಸುಗೆ ಬಿಟ್ಟುಕೊಳ್ಳುತ್ತದೆ. ಬೆರಳಿನಲ್ಲಿ ಒತ್ತಿದರೆ ಸ್ವಲ್ಪ ತಗ್ಗುವಂತಿರಲಿ, ಡೋಲಿನಂತೆ ಬಿಗಿಯಬಾರದು. ಬೆಳಗ್ಗೆ 25 ಡಿಗ್ರಿಯಲ್ಲಿ ತುಂಬಿದ ಗಾಳಿ ಮಧ್ಯಾಹ್ನದ ಬಿಸಿಲಿಗೆ 45 ಡಿಗ್ರಿಗೆ ಕಾದರೆ ಸುಮಾರು 7% ಹಿಗ್ಗಲು ನೋಡುತ್ತದೆ. ಜಾಗ ಬಿಡದಿದ್ದರೆ ಆ ಹೊರೆಯೆಲ್ಲ ಬೆಸುಗೆಯ ಮೇಲೆ ಬೀಳುತ್ತದೆ. ತಣ್ಣೀರು ತಾಗಿದ ಮೇಲೆ ಬಳೆ ಮೆತ್ತಗಾಗುವುದು ಇದಕ್ಕೆ ವಿರುದ್ಧದ ಲೆಕ್ಕ. ಅದನ್ನು ಪಂಚರ್ ಎಂದು ತಿಳಿದು ಗಾಬರಿಯಾಗಬೇಕಿಲ್ಲ.

ಮೊದಲು ಎರಡು ಮೂರು ಸೆಂ.ಮೀ. ನೀರು ಬಿಟ್ಟು ನಲ್ಲಿ ನಿಲ್ಲಿಸಿ. ಬರಿಗಾಲಲ್ಲಿ ಒಳಗಿಳಿದು ತಳದ ಸುಕ್ಕುಗಳನ್ನು ನಡುವಿನಿಂದ ಅಂಚಿನ ಕಡೆಗೆ ಸವರಿ ತೆಗೆಯಿರಿ. ಇದು ಅಂದಕ್ಕಾಗಿ ಮಾಡುವ ಕೆಲಸವಲ್ಲ. ತಳ ಸುಕ್ಕಾದಷ್ಟೂ ಕೊಳದ ಸುತ್ತಳತೆ ಕುಗ್ಗುತ್ತದೆ, ಗೋಡೆ ಒಳಕ್ಕೆ ಎಳೆದು ಓರೆಯಾಗುತ್ತದೆ, ಸುಕ್ಕಿನ ಸಂದಿಯಲ್ಲಿ ಪಾಚಿ ಮನೆ ಮಾಡುತ್ತದೆ. ನೀರು ಹೆಚ್ಚಾದ ಮೇಲೆ ಸುಕ್ಕು ತೆಗೆಯಲು ಯಾರ ಕೈಲೂ ಆಗದು.

15 ಸೆಂ.ಮೀ. ತುಂಬಿದಾಗ ಮತ್ತೆ ನಿಲ್ಲಿಸಿ, ಟೇಪು ಹಿಡಿದು ನಾಲ್ಕು ಕಡೆ ಆಳ ಅಳೆಯಿರಿ. ಒಂದು ಬದಿಯಲ್ಲಿ 13, ಎದುರು ಬದಿಯಲ್ಲಿ 17 ಬಂದರೆ ನೆಲದ ವ್ಯತ್ಯಾಸ 4 ಸೆಂ.ಮೀ. ಎಂದರ್ಥ. ನೀರು ಖಾಲಿ ಮಾಡಿ, ಕೊಳ ಮಡಚಿ, ಮತ್ತೆ ಗುದ್ದಲಿ ಹಿಡಿಯಬೇಕು. ಬೇಸರದ ಮಾತು, ಆದರೆ ಈ ಹಂತದಲ್ಲಿ ವ್ಯರ್ಥವಾಗುವುದು ಸಾವಿರ ಲೀಟರ್‌ನಷ್ಟು ಮಾತ್ರ, ಅದನ್ನೂ ಗಿಡಗಳಿಗೆ ಬಿಡಬಹುದು. ವಾಲಿದ ಬಳೆಯ ಅಡಿಗೆ ಇಟ್ಟಿಗೆ ಕೊಡುವುದು, ಹಗ್ಗ ಕಟ್ಟಿ ಎಳೆದು ನಿಲ್ಲಿಸುವುದು ಇವೆಲ್ಲ ಪರಿಹಾರವೇ ಅಲ್ಲ.

ನಿಮಿಷಕ್ಕೆ 15 ಲೀಟರ್ ಬರುವ ನಲ್ಲಿಯಾದರೆ 3,800 ಲೀಟರಿಗೆ ನಾಲ್ಕೂಕಾಲು ಗಂಟೆ ಹಿಡಿಯುತ್ತದೆ. ನೀರು ಬಳೆಯ ಒಳ ಅಂಚಿನ ಕೆಳಭಾಗಕ್ಕೆ ಮುಟ್ಟಿದಾಗ ನಿಲ್ಲಿಸಿ. ಬಳೆಯ ಅರ್ಧದವರೆಗೆ ತುಂಬುವ ಆಸೆ ಬೇಡ. ಈ ಅಳತೆಯ ಕೊಳದಲ್ಲಿ 73 ಲೀಟರಿಗೆ ಒಂದು ಸೆಂ.ಮೀ. ಏರುತ್ತದೆ; ನಾಲ್ವರು ದೊಡ್ಡವರು ಇಳಿದರೆ ಮಟ್ಟ ಸುಮಾರು ಮೂರು ಸೆಂ.ಮೀ. ಮೇಲೆ ಬರುತ್ತದೆ.

ಪಂಪು ಮತ್ತು ಕರೆಂಟು

ಜೊತೆಗೆ ಬರುವ ಸಣ್ಣ ಪಂಪು ತಾನಾಗಿ ನೀರು ಮೇಲೆಳೆಯುವಂಥದ್ದಲ್ಲ. ಅದು ಕೊಳದ ನೀರಿನ ಮಟ್ಟಕ್ಕಿಂತ ಕೆಳಗೆ, ನೆಲದ ಮೇಲೆ ಕೂರಬೇಕು. ನೀರು ಮೇಲಿನ ತೂತಿಗಿಂತ ಕೆಲವು ಸೆಂ.ಮೀ. ಏರಿದ ಮೇಲೆ ಪಂಪಿನ ತಲೆಯ ಮೇಲಿರುವ ಗಾಳಿ ಬಿಡುವ ತಿರುಪು ಸಡಿಲಿಸಿ, ಗಾಳಿ ಹೋಗಿ ನೀರು ಜಿನುಗುವವರೆಗೆ ಕಾಯಿರಿ. ಆಮೇಲೆ ಸ್ವಿಚ್ ಹಾಕಿ. ಒಳಗೆ ಗಾಳಿ ಉಳಿದರೆ ಪಂಪು ಗುಂಯ್‌ಗುಡುತ್ತದೆ, ನೀರು ಸಾಗುವುದಿಲ್ಲ, ಬಿಸಿಯಾಗಿ ಸುಟ್ಟುಹೋಗುತ್ತದೆ. ಪೈಪಿನ ಜೋಡಣೆಯಲ್ಲಿ ನೀರು ತೊಟ್ಟಿಕ್ಕಿದರೆ ಹೆಚ್ಚಿನ ಸಲ ವಾಷರ್ ಮಡಚಿಕೊಂಡಿರುತ್ತದೆ ಅಥವಾ ಮರಳು ಕೂತಿರುತ್ತದೆ. ಇನ್ನಷ್ಟು ಬಿಗಿಮಾಡುವ ಮೊದಲು ಬಿಚ್ಚಿ ತೊಳೆದು ನೋಡಿ. ವಾಷರಿಗೆ ವ್ಯಾಸಲೀನ್ ಹಚ್ಚಬೇಡಿ, ರಬ್ಬರ್ ಉಬ್ಬುತ್ತದೆ. ಸಿಲಿಕೋನ್ ಗ್ರೀಸ್ ಹಚ್ಚಿ.

ಗಂಟೆಗೆ 1,250 ಲೀಟರ್ ಸಾಗಿಸುವ ಪಂಪು ಇಡೀ ಕೊಳವನ್ನು ಒಂದು ಸಲ ಸೋಸಲು ಮೂರು ಗಂಟೆ ತೆಗೆದುಕೊಳ್ಳುತ್ತದೆ. ದಿನಕ್ಕೆ ಆರು ಗಂಟೆಯಾದರೂ ಓಡಲಿ. ಪಂಪಿನೊಳಗಿನ ಕಾಗದದ ಸೋಸುಬುರುಡೆಯನ್ನು (ಫಿಲ್ಟರ್) ಎರಡು ಮೂರು ದಿನಕ್ಕೊಮ್ಮೆ ಪೈಪಿನ ನೀರಿನಲ್ಲಿ ಮಡಿಕೆ ಮಡಿಕೆ ಬಿಡಿಸಿ ತೊಳೆದು, ಕಂದುಬಣ್ಣ ಹೋಗದಾದಾಗ ಬದಲಿಸಿ.

ಪಂಪಿನ ಪ್ಲಗ್ಗು ಕೊಳದ ಅಂಚಿನಿಂದ ಮೂರೂವರೆ ಮೀಟರ್ ದೂರ ಇರಲಿ. ಆ ಸಾಲಿಗೆ 30 ಮಿಲಿಆಂಪಿಯರ್ ಅಥವಾ ಅದಕ್ಕಿಂತ ಕಡಿಮೆ ಸೋರಿಕೆಗೆ ಬೀಳುವ ಆರ್‌ಸಿಸಿಬಿ (ಕರೆಂಟು ಸೋರಿದೊಡನೆ ಸಾಲನ್ನು ತಾನಾಗಿ ಕಡಿಯುವ ಸ್ವಿಚ್) ಇಲ್ಲದಿದ್ದರೆ ಪಂಪನ್ನು ಹಾಕಲೇಬೇಡಿ. ಹೊರೆ ಹೆಚ್ಚಾದಾಗ ಬೀಳುವ ಮಾಮೂಲಿ ಎಂಸಿಬಿ ತಂತಿಯನ್ನು ಕಾಯುತ್ತದೆ, ಮನುಷ್ಯರನ್ನಲ್ಲ. ಹುಲ್ಲಿನ ಮೇಲೆ ಎಕ್ಸ್‌ಟೆನ್ಷನ್ ಬಾಕ್ಸ್ ಬೇಡ. ನೀರಿನಲ್ಲಿ ಯಾರಾದರೂ ಇರುವಾಗ ಪಂಪು ಬಂದ್ ಆಗಿರಲಿ.

ನೀರನ್ನು ನೀರಾಗಿ ಉಳಿಸುವುದು

ಮುಕ್ತ ಕ್ಲೋರಿನ್ (ಕೊಳೆಯೊಂದಿಗೆ ಕೂಡದೆ ಕೆಲಸಕ್ಕೆ ಉಳಿದಿರುವ ಕ್ಲೋರಿನ್) ಲೀಟರಿಗೆ 1ರಿಂದ 3 ಮಿಲಿಗ್ರಾಂ, ಪಿಎಚ್ (ನೀರಿನ ಆಮ್ಲ-ಕ್ಷಾರದ ಅಳತೆ) 7.2ರಿಂದ 7.8 ಇರಲಿ. ಬಣ್ಣ ಬದಲಿಸುವ ಪರೀಕ್ಷಾಪಟ್ಟಿಯಲ್ಲಿ ದಿನವೂ ಇವೆರಡನ್ನು ನೋಡಿ. 3,800 ಲೀಟರಿಗೆ 2 ಮಿಲಿಗ್ರಾಂ ಪ್ರಮಾಣಕ್ಕೆ 7.6 ಗ್ರಾಂ ಕ್ಲೋರಿನ್ ಬೇಕು. 65% ಶಕ್ತಿಯ ಕ್ಯಾಲ್ಸಿಯಂ ಹೈಪೋಕ್ಲೋರೈಟ್ ಆದರೆ 12 ಗ್ರಾಂ, ಸುಮಾರು 30% ಇರುವ ಮಾಮೂಲಿ ಬ್ಲೀಚಿಂಗ್ ಪೌಡರ್ ಆದರೆ 25 ಗ್ರಾಂ. ಬಕೆಟ್ ನೀರಿಗೆ ಪುಡಿ ಹಾಕಬೇಕು, ಪುಡಿಗೆ ನೀರಲ್ಲ. ಕಲಕಿ, ಗಸಿ ಕೂತ ಮೇಲೆ ತಿಳಿನೀರನ್ನು ಮಾತ್ರ ಕೊಳದ ಸುತ್ತಲೂ ಸುರಿಯಿರಿ. ಪುಡಿಯನ್ನು ನೇರ ಎರಚಿದರೆ ಅದು ತಳಕ್ಕಿಳಿದು ಹಾಳೆಯ ಬಣ್ಣ ತಿನ್ನುತ್ತದೆ. ಒಂದು ಬಗೆಯ ಕ್ಲೋರಿನ್ ಅಳೆದ ಚಮಚವನ್ನು ಇನ್ನೊಂದು ಬಗೆಯ ಡಬ್ಬಕ್ಕೆ ಹಾಕಬಾರದು, ಬೆಂಕಿ ಹೊತ್ತಿಕೊಳ್ಳಬಹುದು. ಆಮ್ಲದ ಜೊತೆ ಸೇರಿದರೆ ವಿಷಾನಿಲ.

ಬಿಸಿಲು ಕ್ಲೋರಿನ್ನನ್ನು ಕೆಲವೇ ಗಂಟೆಗಳಲ್ಲಿ ಮುಗಿಸಿಬಿಡುತ್ತದೆ, ಆದ್ದರಿಂದ ಸಂಜೆ ಹಾಕಿ. ಪಿಎಚ್ ಮೇಲೇರಿದ್ದರೆ ಹಾಕಿದ್ದೂ ವ್ಯರ್ಥ: 7.2ರಲ್ಲಿ ಕ್ಲೋರಿನ್ನಿನ ಮೂರನೇ ಎರಡು ಭಾಗ ಕೆಲಸಕ್ಕೆ ಬರುವ ರೂಪದಲ್ಲಿದ್ದರೆ, 8ರಲ್ಲಿ ಕಾಲುಭಾಗದಷ್ಟೂ ಇರುವುದಿಲ್ಲ. ಮೂಗಿಗೆ ಹೊಡೆಯುವ ವಾಸನೆ ಬಂದರೆ ಕ್ಲೋರಿನ್ ಹೆಚ್ಚಾಯಿತು ಎಂದುಕೊಳ್ಳುವವರೇ ಹೆಚ್ಚು. ಅದು ಬೆವರು, ಮೂತ್ರದೊಂದಿಗೆ ಕೂಡಿದ ಕ್ಲೋರಿನ್ನಿನ ವಾಸನೆ, ಸಾಮಾನ್ಯವಾಗಿ ಮುಕ್ತ ಕ್ಲೋರಿನ್ ಸಾಲದು ಎಂಬುದರ ಗುರುತು. ಕೊಳವೆಬಾವಿಯ ನೀರು ಕ್ಲೋರಿನ್ ಬಿದ್ದೊಡನೆ ಕಂದಾದರೆ ಅದರಲ್ಲಿ ಕಬ್ಬಿಣದ ಅಂಶವಿದೆ ಎಂದರ್ಥ, ಪಾಚಿಯಲ್ಲ. ಪಂಪು, ಕ್ಲೋರಿನ್ ಎರಡೂ ಇಲ್ಲದ ಪುಟ್ಟ ಮಕ್ಕಳ ಕೊಳವನ್ನು ಆಯಾ ದಿನವೇ ಖಾಲಿ ಮಾಡಿ ಮಗುಚಿಡಿ. ಹಾಗೇ ಬಿಟ್ಟ ನೀರಿನಲ್ಲಿ ಸೊಳ್ಳೆಯ ಮೊಟ್ಟೆ ವಾರ ಹತ್ತು ದಿನದಲ್ಲಿ ಸೊಳ್ಳೆಯಾಗುತ್ತದೆ. ಹೊದಿಕೆಯ ಮೇಲೆ ನಿಂತ ಮಳೆನೀರಿಗೂ ಇದು ಅನ್ವಯ.

ಮಕ್ಕಳು

ಗಟ್ಟಿ ಗೋಡೆಯ ಕೊಳಕ್ಕಿಂತ ಮೆತ್ತನೆಯ ಗೋಡೆಯದು ಒಂದು ವಿಷಯದಲ್ಲಿ ಹೆಚ್ಚು ಅಪಾಯಕಾರಿ. ಅಂಬೆಗಾಲು ದಾಟಿದ ಮಗು ಬಳೆಗೆ ಒರಗಿದರೆ ಅದು ತಗ್ಗುತ್ತದೆ, ಮಗು ತಲೆಕೆಳಗಾಗಿ ಒಳಗೆ ಬೀಳುತ್ತದೆ. ಸದ್ದೇ ಆಗುವುದಿಲ್ಲ. ಸುತ್ತ 1.2 ಮೀಟರ್ ಎತ್ತರದ ಬೇಲಿ, ತಾನಾಗಿ ಮುಚ್ಚಿಕೊಳ್ಳುವ ಗೇಟು ಇರಲಿ. ಆಟ ಮುಗಿದೊಡನೆ ಏಣಿ ತೆಗೆಯಿರಿ, ತೇಲುವ ಆಟಿಕೆಗಳನ್ನೂ. ನೀರಿನಲ್ಲಿ ಬಿಟ್ಟ ಚೆಂಡೇ ಮಗುವನ್ನು ಕರೆಯುತ್ತದೆ. ಕಾವಲಿಗೆ ಕೂತವರ ಕೈಯಲ್ಲಿ ಫೋನ್ ಬೇಡ. ಬಳೆಯ ಮೇಲೆ ಯಾರೂ ಕೂರಬಾರದು, ಯಾರೂ ತಲೆ ಮುಂದಾಗಿ ಧುಮುಕಬಾರದು.

ಸೋರಿಕೆ, ಬಿಚ್ಚಿಡುವುದು

ನೀರು ಇಳಿಯುತ್ತಿದ್ದರೆ ತೂತು ಹುಡುಕುವ ಮೊದಲು ಒಂದು ಬಕೆಟ್‌ಗೆ ನೀರು ತುಂಬಿ ಕೊಳದ ಪಕ್ಕ ಬಿಸಿಲಿನಲ್ಲೇ ಇಟ್ಟು, ಪಂಪು ನಿಲ್ಲಿಸಿ, ಎರಡರ ಮಟ್ಟಕ್ಕೂ ಗುರುತು ಹಾಕಿ. ಮರುದಿನ ಎರಡೂ ಹೆಚ್ಚುಕಡಿಮೆ ಒಂದೇ ಅಳತೆ ಇಳಿದಿದ್ದರೆ ಅದು ಆವಿ. ಕೊಳ ಸ್ಪಷ್ಟವಾಗಿ ಹೆಚ್ಚು ಇಳಿದಿದ್ದರೆ ಸೋರಿಕೆ. ಬಳೆಯ ತೂತಿಗೆ ಸೋಪುನೀರು ಸವರಿ ಗುಳ್ಳೆ ಏಳುವ ಜಾಗ ನೋಡಿ. ತೇಪೆಯ ಮೂಲೆಗಳನ್ನು ದುಂಡಗೆ ಕತ್ತರಿಸಿ. ಚೌಕದ ಮೂಲೆ ಮೊದಲು ಏಳುತ್ತದೆ. ತಳದ ತೂತಿಗೆ ನೀರಿನೊಳಗೇ ಅಂಟುವ ವಿನೈಲ್ ತೇಪೆ ಸಿಗುತ್ತದೆ.

ಖಾಲಿ ಮಾಡುವ ಮೂರ್ನಾಲ್ಕು ದಿನ ಮೊದಲು ಕ್ಲೋರಿನ್ ಹಾಕುವುದು ನಿಲ್ಲಿಸಿ. ಪರೀಕ್ಷಾಪಟ್ಟಿ ಸೊನ್ನೆ ತೋರಿಸಿದ ಮೇಲೆ ನೀರನ್ನು ಪೈಪಿನ ಮೂಲಕ ಗಿಡಗಳಿಗೆ ಬಿಡಬಹುದು. ಗೋಡೆ ಅದುಮಿ ಒಮ್ಮೆಲೇ ಚೆಲ್ಲಬೇಡಿ. ಹಾಳೆಯನ್ನು ಒರೆಸಿ, ಬಳೆಯ ಅಡಿಯ ಸಂದಿಯನ್ನೂ ಬಿಡದೆ ಪೂರ್ತಿ ಒಣಗಿಸಿ, ತುಸು ಟಾಲ್ಕಂ ಪೌಡರ್ ಉದುರಿಸಿ ಸಡಿಲವಾಗಿ ಮಡಚಿ. ಇಲಿ ನುಗ್ಗದ ಮುಚ್ಚಳದ ಡಬ್ಬದಲ್ಲಿ, ಅತಿ ಚಳಿ ಅತಿ ಬಿಸಿಲು ಎರಡೂ ತಾಗದ ಕಡೆ ಇಡಿ. ಪಂಪಿನ ವಾಷರುಗಳನ್ನು ಒಂದು ಪೊಟ್ಟಣದಲ್ಲಿ ಹಾಕಿ ಅದೇ ಡಬ್ಬದೊಳಗೆ ಸೇರಿಸಿ. ಮುಂದಿನ ಸಲ ಮೊದಲು ಕಾಣೆಯಾಗುವುದು ಅವೇ.